ಮೂರನೇ ಕಂಬದ ಸೂರು

"ಮೂರನೇ ಕಂಬದಲ್ಲಿ ಈಗ ಯಾರೂ ಇಲ್ಲ" ಎಂದ ಮುದುಕ ಬಿರಿಬೊ. "ಅದನ್ನ ನಮ್ಮ ನಾಲ್ಕನೇ ಕಂಬಕ್ಕೆ ಸೇರಿಸಿಕೊಂಡು ನಾವೇ ಹೊದಿಸಿಬಿಡ್ತೀವಿ. ಏನಂತೀರಿ?"

ಮಾನೆಯಾಬದಲ್ಲಿ, ಆ ದ್ವೀಪದ ಊರಿನ ಸಭೆಮನೆಯಲ್ಲಿ, ಯಾರೂ ಏನೂ ಅನ್ನಲಿಲ್ಲ. ಅನ್ನುವುದಕ್ಕೇನಿದೆ? ಇಡೀ ಊರು ಕೂರುವ ಆ ದೊಡ್ಡ ಸೂರಿನ ಕೆಳಗೆ ಒಂದೊಂದು ಮನೆತನಕ್ಕೆ ಒಂದೊಂದು ಕಂಬ. ಅಜ್ಜ ಕೂತಲ್ಲಿ ಅಪ್ಪ, ಅಪ್ಪ ಕೂತಲ್ಲಿ ಮಕ್ಕಳು. ತಲೆಯ ಮೇಲಿನ ಹೊದಿಕೆಯೂ ಹಾಗೆಯೇ, ಯಾರ ಜಾಗವೋ ಅವರ ಕೈಯಿಂದಲೇ ಆಗಬೇಕು. ಹತ್ತು ವರ್ಷಕ್ಕೊಮ್ಮೆ ಹಳೆಯದನ್ನು ಕಿತ್ತು ಹೊಸದು ಹೊದಿಸುವಾಗ ಆಳಿಲ್ಲದ ಜಾಗ ಪಕ್ಕದವರ ಪಾಲಾಗುತ್ತದೆ. ಒಮ್ಮೆ ಹೋದರೆ ಹೋಯಿತು, ಆ ಮನೆತನದ ಹೆಸರನ್ನು ಸಭೆಯಲ್ಲಿ ಮತ್ತೆ ಯಾರೂ ಕರೆಯುವುದಿಲ್ಲ. ಬಿರಿಬೊ ಹೇಳಿದ್ದರಲ್ಲಿ ದುರಾಸೆಯೇನೂ ಇರಲಿಲ್ಲ. ತೂತು ಬಿದ್ದ ಸೂರಿನ ಕೆಳಗೆ ಊರು ಕೂರಲಾಗುತ್ತದೆಯೇ?

"ನಾನಿದ್ದೀನಲ್ಲ."

ದನಿ ಬಂದದ್ದು ಎದುರುಗಡೆಯಿಂದ, ತೆರೆದ ಸಮುದ್ರಕ್ಕೆ ಬೆನ್ನಾದ ಹೊರಗಡಲ ಕಡೆಯ ಸಾಲಿನಿಂದ, ಮುದುಕಿ ತೆರಾಕಾಳ ಬೆನ್ನ ಹಿಂದಿನಿಂದ. ಮುದುಕರೆಲ್ಲ ಕತ್ತು ತಿರುಗಿಸಿದರು. ಹತ್ತೊಂಬತ್ತು ವರ್ಷದ ಹುಡುಗಿ, ಅದೂ ಹಿಂದಿನ ಸಾಲಿನಲ್ಲಿ ಕೂತವಳು, ಮಾನೆಯಾಬದಲ್ಲಿ ಬಾಯಿ ಬಿಡುವುದೆಂದರೇನು!

"ಯಾರದು?"

"ನಾನು, ಮರೇತಾ. ತಬೇರಾ ಅವರ ಮಗಳು. ಮೂರನೇ ಕಂಬ ನಮ್ಮಪ್ಪಂದು."

ಎರಡು ವರ್ಷದ ಕೂಸಾಗಿದ್ದಾಗಿನಿಂದ ಅವಳು ಕೂತದ್ದು ಅಮ್ಮನ ತಾಯಿ ತೆರಾಕಾಳ ಬೆನ್ನ ಹಿಂದೆ. "ಬೆನ್ನಿಗೆ ಗಾಳಿ ಹೊಡೆಯುತ್ತೆ, ಅಡ್ಡ ಕೂರೇ" ಎಂದು ತೆರಾಕಾ ಪ್ರತಿ ಸಭೆಗೂ ಅವಳನ್ನು ಎಳೆದು ಕೂರಿಸಿಕೊಳ್ಳುತ್ತಿದ್ದಳು. ಅಷ್ಟು ಗಟ್ಟಿ ಮುದುಕಿಗೆ ಎಂಥ ಗಾಳಿ ಹೊಡೆಯುತ್ತಿತ್ತೋ ದೇವರಿಗೇ ಗೊತ್ತು. ಈಗ ಮೊಮ್ಮಗಳು ಮಾತಾಡಿದಾಗ ತೆರಾಕಾ ತಿರುಗಿ ನೋಡಲಿಲ್ಲ. ಅವಳ ಹೆಗಲು ಮಾತ್ರ ಸ್ವಲ್ಪ ಕುಸಿಯಿತು, ಅದನ್ನು ಕಂಡವಳು ಮರೇತಾ ಒಬ್ಬಳೇ.

ಬಿರಿಬೊ ಕನ್ನಡಕ ಸರಿಮಾಡಿಕೊಂಡ. "ತಬೇರಾನ ಮಗಳು ಅಂತ ಗೊತ್ತಮ್ಮ. ಆದ್ರೆ ಮೂರನೇ ಕಂಬಕ್ಕೆ ಇನ್ನೂರ ನಲವತ್ತು ಎಲೆತಟ್ಟಿ ಬೇಕು. ಬೇರೆ ಜಾಗದವರಿಗೆ ಹದಿನೈದು ಇಪ್ಪತ್ತು ಜನದ ಕೈ ಇದೆ. ನಿನಗಿರೋದು ಎರಡು."

"ಎರಡೂ ಚೆನ್ನಾಗೇ ಇದಾವೆ ತಾತ."

ಹೆಂಗಸರು ಬಾಯಿಗೆ ಕೈ ಅಡ್ಡ ಹಿಡಿದು ನಕ್ಕರು. ಬಿರಿಬೊನೂ ನಕ್ಕ. "ಸರಿ ಹಾಗಾದ್ರೆ. ಎರಡು ತಿಂಗಳು. ಮುಗಿಸಿದ್ರೆ ಜಾಗ ನಿನ್ನದು. ಆಗಲಿಲ್ಲ ಅಂದ್ರೆ ನಮ್ಮ ಮೇಲೆ ಮುನಿಸ್ಕೋಬಾರದು."

ಮರೇತಾಗೆ ಆ ಜಾಗ ಯಾಕೆ ಬೇಕಿತ್ತು ಅಂದರೆ, ಅಪ್ಪನ ನೆನಪಿಗೆ ಅಂತ ಹೇಳಿದರೆ ಪೂರಾ ನಿಜವಲ್ಲ. ಅಪ್ಪ ಅವಳಿಗೆ ಗೊತ್ತಿದ್ದದ್ದೇ ಕಡಿಮೆ. ಪರದೇಶದ ಹಡಗಿನಲ್ಲಿ ದುಡಿಯುತ್ತಿದ್ದವನು. ಅವಳಿಗೆ ಎರಡು ವರ್ಷವಾಗಿದ್ದಾಗ ಅಮ್ಮ ಜ್ವರ ಬಂದು ಸತ್ತಳು, ಆಗ ಅವನು ಎಲ್ಲಿಯೋ ನಡುಗಡಲಲ್ಲಿದ್ದ. ಆಮೇಲೆ ಎರಡು ಸಲ ಬಂದ, ಕಣ್ಣು ಮುಚ್ಚಿ ತೆರೆಯುವ ಬೊಂಬೆ ತಂದುಕೊಟ್ಟ, ಅವಳಿಗೆ ಏಳಾದಾಗ ಹಡಗಿನಿಂದ ನೀರಿಗೆ ಬಿದ್ದು ಹೋದ ಎಂದು ಕಾಗದ ಬಂತು. ತೆರಾಕಾ ಅವನ ಹೆಸರನ್ನು ಬಾಯಲ್ಲಿ ಹೇಳುತ್ತಿರಲಿಲ್ಲ. "ಆ ಹಡಗಿನವನು", ಅಷ್ಟೇ.

ಮರೇತಾಳ ಮನಸ್ಸನ್ನು ಕೊರೆಯುತ್ತಿದ್ದದ್ದು ಬೇರೆ. ಅಪ್ಪನ ಸೋದರತ್ತೆ ಒಬ್ಬಳಿದ್ದಳು, ಮೂರನೇ ಕಂಬದ ಕೊನೆಯ ಮುದುಕಿ. ಹಬ್ಬದ ದಿನ ಒಂದು ಚಾಪೆ, ಒಂದು ಬುಟ್ಟಿ ಕೆಸುವಿನ ಗೆಡ್ಡೆ ತಂದು ಆ ಉದ್ದನೆಯ ಜಾಗದಲ್ಲಿ ಒಬ್ಬಳೇ ಕೂರುತ್ತಿದ್ದಳು. ಕೂತು, ಎದುರಿನಿಂದ ಮರೇತಾಳ ಕಡೆ ಒಮ್ಮೆ ಕೈ ಎತ್ತುತ್ತಿದ್ದಳು. ಮರೇತಾ ಅಜ್ಜಿಯ ಬೆನ್ನ ಹಿಂದೆ ತಲೆ ಮರೆಸಿಕೊಳ್ಳುತ್ತಿದ್ದಳು. ಒಂದು ದಿನವಾದರೂ ಎದ್ದು ಹೋಗಿ ಪಕ್ಕದಲ್ಲಿ ಕೂರಲಿಲ್ಲ. ಹೋದ ವರ್ಷ ಆ ಮುದುಕಿ ತೀರಿಕೊಂಡಳು. ಈಗ ಎದುರಿನ ಜಾಗ ಖಾಲಿ, ಕೈ ಎತ್ತುವವರಿಲ್ಲ.

ಸಭೆ ಮುಗಿದು ಮನೆಗೆ ಬಂದ ಮೇಲೆ ತೆರಾಕಾ ಜಗಳವಾಡಲಿಲ್ಲ, ಬುದ್ಧಿ ಹೇಳಲಿಲ್ಲ. ಮೀನು ಸುಟ್ಟು ಎಲೆಗೆ ಹಾಕಿದಳು. ಕೈ ತೊಳೆಯುವಾಗ ಒಂದೇ ಮಾತು ಅಂದಳು.

"ಆ ಕಡೆ ಪಡುಗಾಳಿ ಹೊಡೆಯುತ್ತೆ."

"ಹೊಡೀಲಿ ಬಿಡು ಅಜ್ಜಿ, ನನಗೇನು ನಿನ್ನ ಹಾಗೆ ಬೆನ್ನು ನೋವಾ?"

ಮುದುಕಿ ಕೈ ಒರೆಸಿಕೊಂಡು ಒಳಗೆ ಹೋದಳು.

ಆ ಎರಡು ತಿಂಗಳು ಮರೇತಾ ದುಡಿದ ರೀತಿ ಇದೆಯಲ್ಲ, ಅದನ್ನು ಕಂಡವರು ಇವತ್ತಿಗೂ ಹೇಳುತ್ತಾರೆ. ತೆಂಗಿನ ಮರದ ತಲೆಯಲ್ಲಿ ನೀರಾ ಇಳಿಸುವ ಗಂಡಸರು ಹಾಡು ಎತ್ತಿಕೊಳ್ಳುವ ಹೊತ್ತಿಗೆ ಅವಳು ಕೇದಿಗೆ ಪೊದೆಯಲ್ಲಿ ಬಗ್ಗಿರುತ್ತಿದ್ದಳು. ಮರದಲ್ಲೇ ಒಣಗಿ ಬಿದ್ದ ಎಲೆ ಬೇಕು. ಹಸಿಯದು ಮುದುರುತ್ತದೆ, ನೆಲದಲ್ಲಿ ಕೊಳೆತದ್ದು ಹರಿಯುತ್ತದೆ. ಎಲೆಯ ಎರಡು ಅಂಚಿಗೂ ಮುಳ್ಳು, ನಡುನರದ ಕೆಳಗೂ ಮುಳ್ಳು. ಅದನ್ನೆಲ್ಲ ಸವರಿ ತೆಗೆದು, ಗೂಟಕ್ಕೆ ಸುತ್ತಿ ಎಳೆದು ಮೆದು ಮಾಡಿ, ಮಾರುದ್ದದ ಕಡ್ಡಿಯ ಮೇಲೆ ಒಂದೊಂದಾಗಿ ಮಡಿಸಿ, ಒಂದರ ಮೇಲೊಂದು ಅಂಚು ಹೊದಿಸಿ, ತೆಂಗಿನ ಗರಿಕಡ್ಡಿಯಿಂದ ಚುಚ್ಚಿ ಬಿಗಿಯಬೇಕು. ಒಂದು ತಟ್ಟಿಗೆ ನಲವತ್ತು ಎಲೆ. ಮೊದಲ ವಾರ ಅವಳ ಅಂಗೈ ಎರಡೂ ಗೀಚುಗೀಚಾಗಿ ಉಪ್ಪುನೀರು ತಾಕಿದರೆ ಕಣ್ಣಲ್ಲಿ ನೀರು ಬರುವಂತಾಯಿತು. ಹರಿದ ಬಟ್ಟೆ ಸುತ್ತಿಕೊಂಡು ಮಾಡಿದಳು. ಹಂದಿಗೆ ಹಾಕುವುದು, ಕೆಸುವಿನ ಗುಂಡಿಗೆ ಸೊಪ್ಪು ತುಂಬುವುದು, ಮನೆಯ ನೀರು, ಯಾವುದನ್ನೂ ಬಿಡಲಿಲ್ಲ. ದಿನಕ್ಕೆ ಐದು ತಟ್ಟಿ ಆಗಲೇಬೇಕು. ಆಗದ ದಿನ ಊಟಕ್ಕೆ ಕೂರುತ್ತಿರಲಿಲ್ಲ. ಎಂಥ ಹಠ ಅಂತೀರಿ!

ದಾರಿಯಲ್ಲಿ ಹೋಗುವವರು ಸುಮ್ಮನಿರುತ್ತಾರೆಯೇ? ತೆರಾಕಾಳ ತಮ್ಮನ ಮಗಳು ಬೇತಾ ದಿನಾ ಬೇಲಿಯ ಹತ್ತಿರ ನಿಂತು ಕಾಲು ಎಳೆಯುತ್ತಿದ್ದಳು.

"ಏನೇ ಮರೇತಾ, ಒಬ್ಬಳೇ ಕೂರೋದಕ್ಕೆ ಅಷ್ಟು ದೊಡ್ಡ ಸೂರಾ? ಅದರ ಜೊತೆಗೇ ಒಬ್ಬ ಗಂಡನ್ನೂ ಹೆಣೆದುಕೊಂಡುಬಿಡು, ಜಾಗ ತುಂಬುತ್ತೆ."

"ಎಲೆ ಉಳಿದ್ರೆ ನೋಡೋಣ ಬೇತಕ್ಕ. ನಿಮ್ಮ ಪಾಲು ಎಷ್ಟಾಯ್ತು?"

"ಆಗುತ್ತೆ ಬಿಡೇ, ಇನ್ನೂ ಬೇಕಾದಷ್ಟು ದಿನ ಇದೆ."

ತೆರಾಕಾಳ ಮನೆತನದವರಿಗೆ ಯಾವಾಗಲೂ ಬೇಕಾದಷ್ಟು ದಿನ ಇರುತ್ತದೆ. ಹದಿನೆಂಟು ಹೆಂಗಸರು, ಬಾಯಿ ಮೂವತ್ತಾರು. ಊರಿನ ಯಾವ ಕೆಲಸದಲ್ಲೂ ಕೊನೆಗೆ ಮುಗಿಸುವವರು ಇವರೇ, ನಡುವೆ ಚೆನ್ನಾಗಿ ನಗುವವರೂ ಇವರೇ.

ಇಪ್ಪತ್ತು ತಟ್ಟಿ ಆದ ದಿನ ತೆರಾಕಾ ಒಂದನ್ನು ಎತ್ತಿ ತೊಡೆಯ ಮೇಲಿಟ್ಟುಕೊಂಡಳು. ಮಡಿಕೆಯ ಮೇಲೆ ಹೆಬ್ಬೆರಳು ಆಡಿಸಿದಳು. ತಿರುಗಿಸಿ ನೋಡಿದಳು. ಬಾಯಿ ತೆರೆದಳು.

"ಏನಜ್ಜಿ?"

"ಏನಿಲ್ಲ. ಬಿಗಿಯಾಗಿದೆ."

ಅಷ್ಟು ಹೇಳಿ ತಟ್ಟಿಯನ್ನು ರಾಶಿಯ ಮೇಲೆ ಇಟ್ಟಳು. ಅವತ್ತು ಸಂಜೆ ಕೊಬ್ಬರಿ ಎಣ್ಣೆ ಬೆಚ್ಚಗೆ ಮಾಡಿ ಮೊಮ್ಮಗಳ ಅಂಗೈಗೆ ತಿಕ್ಕಿದಳು. ಅವತ್ತಿನಿಂದ ದಿನಾ ತಿಕ್ಕಿದಳು. ಒಂದೊಂದು ಗೀರಿನ ಮೇಲೂ ಬೆರಳು ನಿಲ್ಲಿಸಿ ನಿಲ್ಲಿಸಿ ತಿಕ್ಕುತ್ತಿದ್ದಳು. ಇಷ್ಟು ಮುದ್ದು ಮಾಡುತ್ತಾಳಲ್ಲ, ಹಾಗಾದರೆ ಒಪ್ಪಿಕೊಂಡಿದ್ದಾಳೆ ಅಂತ ಮರೇತಾ ತಿಳಿದಳು.

ಇನ್ನು ಎಂಟು ದಿನ ಇದೆ ಎನ್ನುವಾಗ ಬಿರಿಬೊ ಮನೆಮನೆಯ ರಾಶಿ ನೋಡಲು ಬಂದ. ಮರೇತಾ ಬೆಳಿಗ್ಗೆ ಕೊನೆಯ ತಟ್ಟಿ ಕಟ್ಟಿ ಮುಗಿಸಿದ್ದಳು. ಇನ್ನೂರ ನಲವತ್ತು. ಮನೆಯ ಪಕ್ಕ ಎದೆಯೆತ್ತರ ಪೇರಿಸಿತ್ತು.

"ಅಬ್ಬಬ್ಬಾ" ಎಂದ ಬಿರಿಬೊ. ಮನಸಾರೆ ಅಂದ. "ನಮ್ಮ ಕಡೆ ಇಪ್ಪತ್ತು ಜನ ಇದಾರೆ, ಇನ್ನೂ ನೂರಾ ತೊಂಬತ್ತರಲ್ಲಿ ಒದ್ದಾಡ್ತಿದಾರೆ. ಭಲೇ ಮಗಳೇ."

ಮೇಲಿನ ತಟ್ಟಿಯನ್ನು ಎತ್ತಿ ಬೆಳಕಿಗೆ ಹಿಡಿದ. ಅವನ ಮುಖದ ನಗು ಸಣ್ಣಗಾಯಿತು. ಇನ್ನೊಂದು ಎತ್ತಿದ. ರಾಶಿಯ ನಡುವಿನಿಂದ ಒಂದು ಎಳೆದ.

"ಇದನ್ನ ನಿನಗೆ ಕಲಿಸಿದ್ದು ಯಾರು?"

"ಅಜ್ಜಿ. ಇನ್ಯಾರು?"

ಬಿರಿಬೊ ತೆರಾಕಾಳ ಕಡೆ ನೋಡಿದ. ಅವಳು ಮೀನಿನ ಹುರುಪೆ ತೆಗೆಯುತ್ತಿದ್ದಳು, ತಲೆ ಎತ್ತಲಿಲ್ಲ.

"ಇದು ಹೊರಗಡಲ ಕಡೆಯ ಮಡಿಕೆ ಮಗಳೇ" ಎಂದ ಅವನು ಮೆಲ್ಲಗೆ. "ಎಲೆ ಬಲದಿಂದ ಎಡಕ್ಕೆ ಹೊದ್ದಿದೆ. ಆ ಕಡೆ ಮೂಡುಗಾಳಿ, ಅಲ್ಲಿಗೆ ಇದು ಸರಿ. ಮೂರನೇ ಕಂಬ ಇರೋದು ಹಿನ್ನೀರಿನ ಮಗ್ಗುಲಲ್ಲಿ, ಒಳಗಡಲ ಕಡೆ. ನಮ್ಮದೆಲ್ಲ ಎಡದಿಂದ ಬಲಕ್ಕೆ. ಇದನ್ನ ಅಲ್ಲಿ ಹಾಕಿದ್ರೆ ಮೊದಲನೇ ಪಡುಗಾಳಿಗೇ ಅಂಚು ಅಂಚೂ ಎದ್ದು ಹಾರಿಹೋಗುತ್ತೆ."

"ತಿರುಗಿಸಿ ಹಾಕಿದ್ರೆ ತಾತ?"

"ಕಡ್ಡಿ ಮೇಲೆ ಬರುತ್ತೆ. ನೀರು ಕಡ್ಡಿ ಹಿಡ್ಕೊಂಡು ಒಳಗೇ ಇಳಿಯುತ್ತೆ."

ಬಿರಿಬೊ ತಟ್ಟಿಯನ್ನು ಜೋಪಾನವಾಗಿ ರಾಶಿಯ ಮೇಲಿಟ್ಟ, ಅಂಚು ಸರಿಮಾಡಿದ. "ನಾಳೆ ಸಭೇಲಿ ಹೇಳ್ಲೇಬೇಕಾಗುತ್ತಮ್ಮ. ನನಗೇನು ಖುಷಿಯಿಲ್ಲ" ಎಂದು ಹೊರಟುಹೋದ.

ಅವನು ಬೇಲಿ ದಾಟಿದ ಮೇಲೆ ಮರೇತಾ ತಿರುಗಿದಳು.

"ನಿನಗೆ ಗೊತ್ತಿತ್ತು."

ತೆರಾಕಾ ಚಾಕು ಕೆಳಗಿಟ್ಟಳು.

"ಅವತ್ತು ತೊಡೆ ಮೇಲಿಟ್ಟುಕೊಂಡು ನೋಡಿದೆಯಲ್ಲ, ಅವತ್ತೇ ಗೊತ್ತಿತ್ತು."

"ಹೂಂ. ಗೊತ್ತಿತ್ತು."

"ಆಗ ಇಪ್ಪತ್ತೇ ಆಗಿತ್ತು ಅಜ್ಜಿ! ಇಪ್ಪತ್ತು!" ಹುಡುಗಿಯ ದನಿ ಒಡೆಯಿತು. "ಬೇಡ ಅಂತ ಬಾಯಿಬಿಟ್ಟು ಹೇಳಿದ್ರೆ ನಿನ್ನ ಜೊತೆ ಜಗಳ ಆಡ್ತಿದ್ದೆ. ಅತ್ತು ಕರೆದು ಮಾಡ್ತಿದ್ದೆ. ನೀನು ಸುಮ್ನೆ ಕೂತೆ. ನನ್ನ ಕೈಗೆ ಎಣ್ಣೆ ಹಚ್ಕೊಂಡು ಸುಮ್ನೆ ಕೂತೆ!"

ಮುದುಕಿಯ ಕೈಗೆ ಮೀನಿನ ಹುರುಪೆ ಮೆತ್ತಿತ್ತು. ಆ ಕೈಯನ್ನು ಏನು ಮಾಡುವುದೆಂದು ತಿಳಿಯದೆ ಮಡಿಲಲ್ಲಿ ಅಂಗಾತ ಇಟ್ಟುಕೊಂಡಳು.

"ನಿನ್ನಮ್ಮನ್ನ ಆ ಕಂಬಕ್ಕೆ ಕೊಟ್ಟೆ. ಮೂರು ವರ್ಷಕ್ಕೆ ಹೆಣ ವಾಪಸ್ ಬಂತು. ಆಮೇಲೆ ಉಳಿದಿದ್ದು ನೀನು. ಇದೊಂದು ತಪ್ಪಿಹೋಗ್ಲಿ, ನನ್ನ ಬೆನ್ನ ಹಿಂದೇನೇ ಇರ್ಲಿ ಅಂದ್ಕೊಂಡೆ. ದಿನಾ ಬೆಳಿಗ್ಗೆ ಇವತ್ತು ಹೇಳ್ತೀನಿ ಅಂತ ಏಳ್ತಿದ್ದೆ. ಹೇಳೋಕಾಗ್ತಿರಲಿಲ್ಲ. ದಿನಾ ನಿನ್ನ ಕೈ ನೋಡ್ತಿದ್ದೆ. ನನಗೇ ನನ್ನ ಮೇಲೆ ಅಸಹ್ಯ ಬರ್ತಿತ್ತು."

"ನಿನ್ನ ಜಾಗದಿಂದ ಆ ಕಂಬಕ್ಕೆ ನಲವತ್ತು ಹೆಜ್ಜೆ ಅಜ್ಜಿ. ನಾನೇನು ಹಡಗು ಹತ್ತಿ ಹೋಗ್ತಿದ್ನಾ?"

ಅಷ್ಟು ಹೇಳಿ ಮರೇತಾ ಒಳಗಡಲ ದಂಡೆಗೆ ಹೋದಳು. ಇಳಿತದ ನೀರು ದೂರ ಸರಿದು ಬರೀ ಮರಳು ಕಾಣುತ್ತಿತ್ತು. ಹೊತ್ತು ಬಾಗುವವರೆಗೆ ಅಲ್ಲೇ ಕೂತು ಅತ್ತಳು. ತಟ್ಟಿ ಹೋಯಿತು ಅಂತ ಅಲ್ಲ. ಕೈ ಎತ್ತಿದ ಆ ಮುದುಕಿಗೆ ಈಗಲೂ ತಾನು ಬೆನ್ನ ಹಿಂದೆ ಅಡಗಿದಂತಾಯಿತಲ್ಲ ಅಂತ. ಮನೆಗೆ ಬಂದಾಗ ಎಲೆಯ ಮೇಲೆ ಊಟ ಬಡಿಸಿ ಮುಚ್ಚಿಟ್ಟಿತ್ತು. ಇಬ್ಬರೂ ಮುಟ್ಟಲಿಲ್ಲ.

ಮರುದಿನ ಸಭೆಯಲ್ಲಿ ಮರೇತಾ ಅಜ್ಜಿಯ ಹಿಂದೆ ಕೂರಲಿಲ್ಲ. ಎದುರಿನ ಜಾಗಕ್ಕೂ ಹೋಗಲಿಲ್ಲ, ಯಾವ ಮುಖ ಇಟ್ಟುಕೊಂಡು ಹೋಗುವುದು? ಸೂರಿನ ಅಂಚಿನಲ್ಲಿ, ಯಾರದೂ ಅಲ್ಲದ ಕಡೆ, ಚಪ್ಪಲಿಗಳ ಪಕ್ಕದಲ್ಲಿ ಕೂತಳು. ಬೇತಾ ಸನ್ನೆ ಮಾಡಿ ಕರೆದರೂ ಹೋಗಲಿಲ್ಲ.

ಬಿರಿಬೊ ಗಂಟಲು ಸರಿಮಾಡಿಕೊಂಡು "ಮೂರನೇ ಕಂಬದ ವಿಷಯ" ಎಂದು ಶುರುಮಾಡಿದನೋ ಇಲ್ಲವೋ, ತೆರಾಕಾ ನೆಲಕ್ಕೆ ಕೈಯೂರಿ ಎದ್ದು ನಿಂತಳು.

ಆ ಮನೆತನದ ಪರವಾಗಿ ಮಾತಾಡುವವನು ಅವಳ ತಮ್ಮ ಯೋತೆಬಾ. ಅವನು ಗಾಬರಿಯಾದ. "ಏನಕ್ಕಾ, ಕೂತ್ಕೋ. ಏನಿದ್ರೂ ನಾನು ಹೇಳ್ತೀನಿ."

"ನೀನೇನು ಹೇಳ್ತೀಯೋ? ನಿನಗೇನು ಗೊತ್ತು? ಕೂತ್ಕೋ ನೀನು."

ಯೋತೆಬಾ ಕೂತ. ಅರವತ್ತೈದು ವರ್ಷದಿಂದ ಅಕ್ಕ ಕೂರು ಅಂದರೆ ಕೂತು ರೂಢಿ ಅವನಿಗೆ.

"ಹುಡುಗಿ ಮಡಿಕೆ ತಪ್ಪಾಗಿದೆ ಅಂತ ಬಿರಿಬೊ ಹೇಳ್ತಾನೆ. ಅದಕ್ಕೆ ಮುಂಚೆ ನಾನು ಹೇಳ್ತೀನಿ" ಎಂದಳು ತೆರಾಕಾ. "ಅವಳು ತಪ್ಪಿಲ್ಲ. ನಾನು ತಪ್ಪಿದ್ದು. ಎರಡು ಮಡಿಕೇನೂ ನನಗೆ ಗೊತ್ತು. ಇಪ್ಪತ್ತನೇ ತಟ್ಟಿ ಆದಾಗ್ಲೇ ನೋಡಿದೆ. ನೋಡೀ ಬಾಯಿ ಮುಚ್ಕೊಂಡಿದ್ದೆ. ಯಾಕೆ ಅಂದ್ರೆ, ಅವಳು ಆ ಕಡೆ ಹೋಗೋದು ನನಗೆ ಬೇಡವಾಗಿತ್ತು. ಒಂದು ಮಗುವಿನ ಎರಡು ತಿಂಗಳ ದುಡಿಮೇನ ನಾನು ಕಣ್ಣೆದುರಿಗೇ ಹಾಳುಮಾಡಿದೀನಿ. ಇದನ್ನ ಇಲ್ಲೇ ಹೇಳ್ಬೇಕು ಅಂತ ಎದ್ದೆ."

ಎಪ್ಪತ್ತೆರಡು ವರ್ಷದಲ್ಲಿ ಯಾರೂ ಬೆರಳು ತೋರಿಸದ ಹೆಂಗಸು. ಮೊಮ್ಮಗಳಿಗೆ ಮನೆಯೊಳಗೆ ಹೇಳಿ ಮುಗಿಸಬಹುದಿತ್ತು. ಕೈ ತಪ್ಪಿತು ಪಾಪ, ಚಿಕ್ಕವಳು ಅಂತ ಊರೇ ಅಂದುಕೊಂಡು ಸುಮ್ಮನಾಗುತ್ತಿತ್ತು. ಅವಳು ಹಾಗೆ ಬಿಡಲಿಲ್ಲ, ಊರಿನೆದುರು ನಿಂತು ತನ್ನ ತಪ್ಪನ್ನು ತಾನೇ ಎತ್ತಿಕೊಂಡಳು. ಹೇಳಿ, ನಮ್ಮಲ್ಲಿ ಎಷ್ಟು ಜನಕ್ಕೆ ಆ ಎದೆ ಇದೆ?

"ಇನ್ನೊಂದು ಮಾತು" ಎಂದಳು. "ಆ ಇನ್ನೂರ ನಲವತ್ತು ತಟ್ಟಿ ಹೊರಗಡಲ ಮಡಿಕೇದು. ಹೊರಗಡಲ ಕಡೆ ಕೂರೋರು ನಾವು. ನಮ್ಮ ಪಾಲು ಅರ್ಧನೂ ಆಗಿಲ್ಲ. ಬೇಕಾದ್ರೆ ಬೇತಾನ್ನ ಕೇಳಿ."

"ಅಯ್ಯೋ, ತುಂಬಿದ ಸಭೇಲಿ ನನ್ನ ಮಾನ ಯಾಕೆ ತೆಗೀತೀಯೇ ಅತ್ತೆ!" ಎಂದು ಬೇತಾ ಕೂಗಿದಳು. ಸಭೆ ಗೊಳ್ಳೆಂದಿತು. ಬಿಗಿದಿದ್ದ ಎದೆಗಳೆಲ್ಲ ಒಮ್ಮೆಲೇ ಸಡಿಲವಾದವು.

"ಅವಳು ಮಾಡಿದ್ದು ನಮ್ಮ ತಲೆ ಮೇಲೆ ಬರ್ಲಿ. ಇನ್ನು ಏಳು ದಿನ ಇದೆ. ನಾವು ಹದಿನೆಂಟು ಹೆಂಗಸರು ಕೂತು ಅವಳ ಪಾಲನ್ನ ಒಳಗಡಲ ಮಡಿಕೇಲಿ ಮಾಡಿಕೊಡ್ತೀವಿ. ಆಗುತ್ತೋ ಇಲ್ವೋ ಅಂತ ಕೇಳ್ಬೇಡಿ. ಮಾಡಿಸ್ತೀನಿ."

ಬಿರಿಬೊ ಗಲ್ಲ ತುರಿಸಿಕೊಂಡ. "ಯಾರ ಜಾಗವೋ ಅವರ ಕೈ ಅಂತ ಕಟ್ಟಳೆ ಇದೆಯಲ್ಲ ತೆರಾಕಾ."

"ಹದಿನೇಳು ವರ್ಷ ನಾನು ಅನ್ನ ಹಾಕಿ ಬೆಳೆಸಿದ ಕೈ ಅದು. ಎಲ್ಲಿ ಅವಳ ಕೈ ಮುಗಿದು ಎಲ್ಲಿ ನನ್ನ ಕೈ ಶುರುವಾಗುತ್ತೆ ಅಂತ ನೀನು ಗೆರೆ ಹಾಕಿ ತೋರಿಸು, ಒಪ್ಕೋತೀನಿ."

ಮುದುಕರು ತಲೆ ತಲೆ ಕೂಡಿಸಿದರು. ಜಾಗ ಸಿಕ್ಕದಿದ್ದರೆ ನಷ್ಟ ಬಿರಿಬೊನ ಮನೆತನಕ್ಕೇ. ಆದರೂ ಮಾತು ಮುಗಿಸಿ ತಲೆ ಎತ್ತಿದಾಗ ಅವನ ಮುಖ ಹಗುರಾಗಿತ್ತು. "ನಡುವಿನ ಸಾಲುಗಳು ಯಾರ ಕೈಯಿಂದಾದ್ರೂ ಬರ್ಲಿ. ಕೆಳಗಿನ ಮೊದಲನೇ ಸಾಲು, ತುದಿಯ ಕೊನೇ ಸಾಲು, ಹನ್ನೆರಡು ಹನ್ನೆರಡು ತಟ್ಟಿ, ಅದು ಹುಡುಗೀನೇ ಮಾಡ್ಬೇಕು. ತೆರಾಕಾ ಮುಚ್ಚಿಟ್ಟಿದ್ದಕ್ಕೆ ಹಬ್ಬಕ್ಕೆ ಒಂದು ಹಂದಿ ತಪ್ಪುಕಾಣಿಕೆ."

"ಎರಡು ಕೊಡ್ತೀನಿ."

"ಒಂದು ಸಾಕು ತಾಯೀ, ಕೂತ್ಕೋ."

ಆ ಏಳು ದಿನ ತೆರಾಕಾಳ ಅಂಗಳದಲ್ಲಿ ಎಲೆಯ ಧೂಳು, ಗದ್ದಲ. ಹದಿನೆಂಟು ಹೆಂಗಸರು ಗೊಣಗುತ್ತ, ಹಾಡುತ್ತ, ಒಬ್ಬರನ್ನೊಬ್ಬರು ಚುಡಾಯಿಸುತ್ತ ಮಡಿಸಿದರು. "ಅತ್ತೆ ಸುಳ್ಳಾಡಿದ್ದಕ್ಕೆ ನಮ್ಮ ಬೆರಳಿಗೆ ಮುಳ್ಳು" ಎಂದು ಬೇತಾ ದಿನಕ್ಕೆ ಹತ್ತು ಸಲ ಅನ್ನುತ್ತಿದ್ದಳು, ಹಾಗೆ ಅನ್ನುತ್ತಲೇ ಎಲ್ಲರಿಗಿಂತ ಜಾಸ್ತಿ ಮಾಡಿದಳು.

ಮೊದಲ ದಿನ ತೆರಾಕಾ ಮರೇತಾಳನ್ನು ಕರೆದಳು. "ನನ್ನ ಎದುರು ಕೂರು."

ಮರೇತಾ ಕೂತಳು. ಕೋಪ ಇನ್ನೂ ಪೂರ್ತಿ ಇಳಿದಿರಲಿಲ್ಲ, ಮುಖ ಬೇರೆ ಕಡೆ ಇತ್ತು. ಇಷ್ಟು ವರ್ಷ ಅವಳು ಕಲಿತದ್ದೆಲ್ಲ ಅಜ್ಜಿಯ ಹೆಗಲ ಮೇಲಿಂದ ಇಣುಕಿ ನೋಡಿ. ಈಗ ಎದುರುಬದುರು ಕೂತರೆ ಕೈ ಎಡವಟ್ಟಾಯಿತು. ಎಲೆ ಬಲಕ್ಕೇ ಜಾರುತ್ತಿತ್ತು. ಮೊದಲನೇ ತಟ್ಟಿಯನ್ನು ಮೂರು ಸಲ ಬಿಚ್ಚಿದಳು.

"ಎಡದ ಹೆಬ್ಬೆರಳು ಒತ್ತಿ ಹಿಡಿ. ಎಳೀಬೇಡ, ಅದು ತಾನೇ ಬರುತ್ತೆ. ಹಾಂ."

"ಈ ಮಡಿಕೆ ನಿನಗೆ ಯಾರು ಹೇಳಿಕೊಟ್ಟಿದ್ದು?"

ಮುದುಕಿ ಇನ್ನೊಂದು ಎಲೆ ಎತ್ತಿ ಗೂಟಕ್ಕೆ ಸುತ್ತಿದಳು. "ನಿನ್ನಪ್ಪನ ಸೋದರತ್ತೆ. ನಿನ್ನಮ್ಮನ ಮದುವೆ ವರ್ಷ, ಇದೇ ಅಂಗಳದಲ್ಲಿ. ಒಳ್ಳೆ ಹೆಂಗಸು. ಹದಿನಾರು ವರ್ಷ, ಅವಳು ಸಾಯೋವರೆಗೂ, ಅವಳ ಜೊತೆ ಮಾತಾಡ್ಲಿಲ್ಲ ನಾನು. ಅವಳು ಹಬ್ಬದ ದಿನ ಕೈ ಎತ್ತೋದು ನನಗೂ ಕಾಣ್ತಿತ್ತು ಕಣೇ. ನಾನು ಇನ್ನಷ್ಟು ನೆಟ್ಟಗೆ ಕೂರ್ತಿದ್ದೆ, ನಿನಗೆ ಕಾಣದಿರಲಿ ಅಂತ."

ಮರೇತಾ ತಲೆ ಎತ್ತಿ ನೋಡಿದಳು. ಅಜ್ಜಿಯ ಕಣ್ಣು ತುಂಬಿತ್ತು. ಅದನ್ನು ಒರೆಸಿಕೊಳ್ಳಲೂ ಇಲ್ಲ, ಮುಚ್ಚಿಕೊಳ್ಳಲೂ ಇಲ್ಲ.

"ತಬೇರಾನೂ ಕೆಟ್ಟವನಲ್ಲ" ಎಂದಳು. ಆ ಬಾಯಲ್ಲಿ ಆ ಹೆಸರನ್ನು ಮರೇತಾ ಕೇಳಿದ್ದು ಅದೇ ಮೊದಲು. "ನಡುಗಡಲಲ್ಲಿ ಇದ್ದೋನು ಹೇಗೆ ಬರ್ತಾನೆ? ನನಗೆ ಯಾರ ಮೇಲಾದ್ರೂ ಸಿಟ್ಟು ಬೇಕಿತ್ತು ಅಷ್ಟೇ. ಹೂಂ, ಮಡಿಸು. ಸಂಜೆಗೆ ನಾಲ್ಕಾದ್ರೂ ಆಗ್ಬೇಕು."

ಮರೇತಾ ಮಡಿಸಿದಳು. ಸಂಜೆ ಎಣ್ಣೆ ಬೆಚ್ಚಗೆ ಮಾಡಿದವಳು ಅವಳೇ. ಮುದುಕಿಯ ಕೈಗೆ ಹಚ್ಚಿದಳು. ಅಲ್ಲಿಗೆ ಅವಳ ಸಿಟ್ಟು ಮುಗಿಯಿತು.

ಎಂಟನೇ ದಿನ ಗಂಡಸರು ಮೇಲೆ ಹತ್ತಿ ನಾರಿನ ಹಗ್ಗದಿಂದ ತಟ್ಟಿಗಳನ್ನು ಬಿಗಿದರು. ಒಳಗಡಲ ಕಡೆ ಮೂರನೇ ಕಂಬದ ಮೇಲೆ ತೆರಾಕಾಳ ಮನೆತನದ ಕೈ. ಹೊರಗಡಲ ಕಡೆ ತೆರಾಕಾಳ ತಲೆಯ ಮೇಲೆ ಮರೇತಾಳ ಕೈ. ತೆರಾಕಾ ತನ್ನ ಜಾಗದಲ್ಲಿ ನಿಂತು ಕತ್ತೆತ್ತಿ ಒಂದೊಂದು ತಟ್ಟಿಯನ್ನೂ ನೋಡಿದಳು, ಅಕ್ಕಿಯಲ್ಲಿ ಕಲ್ಲು ಹುಡುಕುವ ಹಾಗೆ. ಒಂದು ಬೆಳಕಿನ ಕಿಂಡಿಯೂ ಸಿಗಲಿಲ್ಲ.

ಹಬ್ಬದ ಊಟಕ್ಕೆ ಊರು ಸೇರಿತು. ಮರೇತಾ ಒಂದು ಚಾಪೆ, ಒಂದು ಬುಟ್ಟಿ ಕೆಸುವಿನ ಗೆಡ್ಡೆ ಹಿಡಿದು, ಎಲ್ಲರ ಕಣ್ಣೆದುರು ನಲವತ್ತು ಹೆಜ್ಜೆ ನಡೆದು ಮೂರನೇ ಕಂಬದ ಹತ್ತಿರ ಹೋಗಿ ಕೂತಳು. ಎಷ್ಟು ಉದ್ದದ ಜಾಗ ಅದು! ದೂರದಿಂದ ನೋಡುವಾಗ ಅಷ್ಟು ಅಂತ ಗೊತ್ತೇ ಆಗಿರಲಿಲ್ಲ. ಎಡಕ್ಕೆ ಎರಡನೇ ಕಂಬದವರ ಮಕ್ಕಳು ಮರಿ, ಬಲಕ್ಕೆ ಬಿರಿಬೊನ ಇಪ್ಪತ್ತು ಜನ. ನಡುವೆ ಇವಳೊಬ್ಬಳು. ಆ ಮುದುಕಿ ಇಷ್ಟು ವರ್ಷ ಇಲ್ಲಿ ಹೇಗೆ ಕೂತಿದ್ದಳಪ್ಪಾ ಅನ್ನಿಸಿತು.

ಹೊಸ ಸೂರಿನ ಕೆಳಗೆ ಮೊದಲ ಊಟಕ್ಕೆ ಮುಂಚೆ ಕಂಬ ಕಂಬವನ್ನೂ ಕರೆಯುವುದು ಪದ್ಧತಿ. ಬಿರಿಬೊ ಎದ್ದು ನಿಂತ.

"ಒಂದನೇ ಕಂಬ?"

"ಇದ್ದೇವೆ!" ಮೂವತ್ತು ಗಂಟಲು.

"ಎರಡನೇ ಕಂಬ?"

"ಇದ್ದೇವೆ!"

"ಮೂರನೇ ಕಂಬ?"

ಮರೇತಾ ಎದುರಿಗೆ ನೋಡಿದಳು. ಅಲ್ಲಿ, ಎಂದಿನ ಜಾಗದಲ್ಲಿ, ಅಜ್ಜಿ ನೆಟ್ಟಗೆ ಕೂತಿದ್ದಳು. ಅವಳ ಬೆನ್ನ ಹಿಂದೆ ಒಂದು ಚಾಪೆಯಷ್ಟು ನೆಲ ಖಾಲಿ ಇತ್ತು, ಅಷ್ಟು ಇಕ್ಕಟ್ಟಿನಲ್ಲೂ ಅಲ್ಲಿ ಯಾರನ್ನೂ ಕೂರಿಸಿಕೊಂಡಿರಲಿಲ್ಲ.

ಮರೇತಾ ಕೈ ಎತ್ತಿದಳು.

"ಸ್ವಲ್ಪ ತಾಳಿ ತಾತ" ಎಂದಳು ಬಿರಿಬೊನಿಗೆ. ಆಮೇಲೆ ಇಡೀ ಮಾನೆಯಾಬಕ್ಕೆ ಕೇಳುವ ಹಾಗೆ, "ಅಜ್ಜೀ, ಬಾ. ನಮ್ಮ ಜಾಗಕ್ಕೆ ಬಾ, ಕೂತ್ಕೋ."

ಜಾಗದವರು ಕರೆದರೆ ಹೋಗಬಹುದು. ಕರೆಯುವ ಹಕ್ಕು ಜಾಗ ಇದ್ದವರಿಗೆ ಮಾತ್ರ. ಆ ಹಕ್ಕು ಬಂದು ಮರೇತಾಗೆ ಇನ್ನೂ ಒಂದು ಗಳಿಗೆಯಾಗಿರಲಿಲ್ಲ.

ತೆರಾಕಾ ಕದಲಲಿಲ್ಲ. ಹದಿನೇಳು ವರ್ಷ ಆ ಕಡೆ ಕಾಲಿಟ್ಟಿರಲಿಲ್ಲ ಅವಳು. ಬೇತಾ ಪಕ್ಕೆಗೆ ತಿವಿದಳು. "ಹೋಗೇ ಅತ್ತೆ, ಹುಡುಗಿ ಕರೀತಿದಾಳೆ."

ಮುದುಕಿ ಎದ್ದಳು. ತನ್ನ ಚಾಪೆ ಸುತ್ತಿ ಕಂಕುಳಲ್ಲಿ ಇಟ್ಟುಕೊಂಡಳು. ನಲವತ್ತು ಹೆಜ್ಜೆಯ ಆ ನೆಲವನ್ನು ನಿಧಾನವಾಗಿ ದಾಟತೊಡಗಿದಳು.

"ಬೇಗ ಬಾರಮ್ಮ, ನಿನ್ನ ಹಂದಿ ಆರಿಹೋಗ್ತಿದೆ" ಎಂದ ಬಿರಿಬೊ.

ಮರೇತಾ ಸರಿದು ತನ್ನ ಮುಂದೆ ಜಾಗ ಮಾಡಿದಳು. "ಇಲ್ಲಿ ಕೂತ್ಕೋ ಅಜ್ಜಿ. ಪಡುಗಾಳಿ ಹೊಡೆಯುತ್ತೆ. ನಾನು ಹಿಂದೆ ಅಡ್ಡ ಕೂರ್ತೀನಿ."

"ಏಯ್, ಸರೀ ಕೂರೇ" ಎಂದಳು ತೆರಾಕಾ. "ಮುಂದೆ ಕೂರೋರು ಜಾಗದವರು. ನೆಂಟರು ಹಿಂದೆ."

ಹಾಗಂದು ಮೊಮ್ಮಗಳ ಹೆಗಲು ಹಿಡಿದು ಕಂಬದ ಹತ್ತಿರಕ್ಕೆ ನೂಕಿ, ಅವಳ ಬೆನ್ನ ಹಿಂದೆ ಚಾಪೆ ಹಾಸಿ ಕೂತಳು. ಮರೇತಾಳ ಬೆನ್ನಿಗೆ ಅಜ್ಜಿಯ ಮೊಣಕಾಲು ತಾಗಿತು, ಬೆಚ್ಚಗಿತ್ತು.

"ಮೂರನೇ ಕಂಬ?" ಎಂದು ಬಿರಿಬೊ ಮತ್ತೆ ಕರೆದ.

"ಇದ್ದೇವೆ!" ಎಂದಳು ಮರೇತಾ.

ಬಿರಿಬೊ ಕನ್ನಡಕ ತೆಗೆದು ಒರೆಸಿಕೊಂಡು, ನಾಲ್ಕನೇ ಕಂಬವನ್ನು ಕರೆದ.